ಬಾಯಿ ಮುಚ್ಚಿ ಕೇಳುತ್ತಿದ್ದ ಹಾಡು

ನೀಲರಸ ಕವಿಗೆ ನೆಗಡಿಯಿತ್ತು. ನಮ್ಮ ಊರಿನಲ್ಲಿ ಎಲ್ಲರಿಗೂ ಗೊತ್ತಿದ್ದೂ ಯಾರೂ ಸಭೆಯಲ್ಲಿ ಎತ್ತದ ಸಂಗತಿಗಳಲ್ಲಿ ಇದು ಮೊದಲನೆಯದು. ಮುನ್ನೂರು ವರ್ಷಗಳ ಹಿಂದೆ ಕಿನ್ನರಿ ವಾದ್ಯವನ್ನು ಹೆಗಲಿಗೇರಿಸಿ ಕೋಟೆಯಿಂದ ಕೋಟೆಗೆ ತಿರುಗಿ, ಉಪ್ಪರಿಗೆಯ ಕೆಳಗೆ ನಿಂತು, ಮೇಲಿರುವ ಹೆಣ್ಣು ತನ್ನನ್ನು ಕಣ್ಣೆತ್ತಿಯೂ ನೋಡಳೆಂದು ಮೊರೆಯಿಟ್ಟ ಆ ಮಹಾನುಭಾವರು ಕಟ್ಟಿದ ಎಪ್ಪತ್ತು ಮೊರೆಹಾಡುಗಳಲ್ಲಿ ನಲವತ್ತಕ್ಕಾದರೂ ಮೂಗು ಕಟ್ಟಿದೆ. ಇಂದು ಅವನ್ನು ಇಪ್ಪತ್ತರ ತರುಣನೇ ಎತ್ತಿಕೊಳ್ಳಲಿ, ಎಂಬತ್ತರ ಮುದುಕನೇ ಎತ್ತಿಕೊಳ್ಳಲಿ, ಹೊರಡುವುದು ನೀಲರಸರ ಅದೇ ದಪ್ಪ ದನಿ, ಅದೇ ಮೂಗು. ನಮ್ಮಲ್ಲಿ ಹಾಡು ಕಟ್ಟಿದವರ ದನಿಯಲ್ಲಲ್ಲದೆ ಬೇರೆ ದನಿಯಲ್ಲಿ ಹೊರಡುವುದಿಲ್ಲ. ಮೊದಲ ಸಾಲನ್ನು ಎತ್ತಿಕೊಡುವುದಷ್ಟೇ ಹಾಡುವವರ ಕೆಲಸ. ಮುಂದಿನ ಮಾತು ನಮಗೆ ನೆನಪಿರಲಿ ಬಿಡಲಿ, ಕಟ್ಟಿದವರೇ ನಮ್ಮ ಗಂಟಲಿನಲ್ಲಿ ಕುಳಿತು ಹಾಡಿ ಮುಗಿಸುತ್ತಾರೆ.

ಹೊರಗಿನಿಂದ ಬಂದವರು ಬೆರಗಾಗುತ್ತಾರೆ. ನಾವು ಇದರೊಡನೆ ಸಂಸಾರ ಹೂಡಿದ್ದೇವೆ. ಅಜ್ಜಿ ಸತ್ತು ಹತ್ತು ವರ್ಷವಾದ ಮನೆಯಲ್ಲಿ ಮೊಮ್ಮಗಳು ತೊಟ್ಟಿಲು ತೂಗುತ್ತ ಅಜ್ಜಿಯ ಜೋಗುಳವನ್ನು ಎತ್ತಿಕೊಂಡರೆ, ಅಡುಗೆಮನೆಯಲ್ಲಿದ್ದ ಮಗಳು ಸೌಟನ್ನು ಕೈಯಲ್ಲಿ ಹಿಡಿದುಕೊಂಡೇ ನಿಂತುಬಿಡುತ್ತಾಳೆ. ಗೆಳೆಯನಿಂದ ಹಾಡು ಕಟ್ಟಿಸಿಕೊಂಡು ಹೋಗಿ ಹೆಣ್ಣಿನ ಮನೆಯ ಮುಂದೆ ಹಾಡಿದ ವರನೊಬ್ಬನನ್ನು ಆ ಹುಡುಗಿ, “ಹಾಡೇನೋ ಚೆನ್ನಾಗಿದೆ, ಈ ದನಿಯವರ ಮನೆ ಯಾವ ಬೀದಿಯಲ್ಲಿದೆ?” ಎಂದು ಕೇಳಿ ತಿಳಿದುಕೊಂಡು ಆ ಮನೆಗೇ ಸೊಸೆಯಾಗಿ ಹೋದಳು. ಕೋಟೆಬಾಗಿಲಲ್ಲಿ ಸೊಪ್ಪು ಮಾರುವ ಮಂಚಕ್ಕ ಇಂದಿಗೂ ಕೂಗುವುದು ತೀರಿಕೊಂಡ ಅತ್ತೆ ಕಟ್ಟಿದ ಸೊಪ್ಪಿನ ಹಾಡನ್ನೇ. “ಇದ್ದಾಗ ನನ್ನನ್ನ ದುಡಿಸಿದಳಲ್ಲ ಅಮ್ಮಾ, ಈಗ ಅವಳೇ ಕೂಗಿ ಮಾರಲಿ” ಎನ್ನುತ್ತಾಳೆ.

ಇಂಥ ಊರಿನಲ್ಲಿ ಒಬ್ಬರ ಹಾಡನ್ನು ಇನ್ನೊಬ್ಬರ ಹೆಸರಿಗೆ ಬರೆಯುವುದು ಅಸಾಧ್ಯವೆಂದು ನೀವು ತಿಳಿಯಬಹುದು. ನಾನೂ ಹಾಗೆಯೇ ತಿಳಿದಿದ್ದೆ. ವಿದ್ವಾಂಸರ ಸಾಮರ್ಥ್ಯವನ್ನು ನಾನು ಕಡಿಮೆಯೆಣಿಸಿದ್ದೆ.

ನನ್ನ ಹೆಸರು ಪದ್ಮಲೆ. ಎಪ್ಪತ್ತನಾಲ್ಕು ತುಂಬಿದೆ. ಐವತ್ತೆರಡು ವರ್ಷಗಳಿಂದ ಈ ಊರಿನ ಮರುಹಾಡಿನ ಪೀಠದಲ್ಲಿ ಕುಳಿತವಳು ನಾನು. ಮೊರೆಹಾಡನ್ನು ಗಂಡಸರು ಹಾಡಬೇಕು, ಅದಕ್ಕೆ ಉಪ್ಪರಿಗೆಯ ಹೆಣ್ಣು ಕೊಟ್ಟ ಉತ್ತರವಾದ ಮರುಹಾಡನ್ನು ಹೆಂಗಸರು ಹಾಡಬೇಕೆಂಬುದು ನಮ್ಮಲ್ಲಿ ನಡೆದುಬಂದ ಪದ್ಧತಿ. ಮರುಹಾಡುಗಳು ಹದಿನಾರು. ಹದಿನಾರರಲ್ಲೂ ಒಬ್ಬಳದೇ ದನಿ. ಮೊದಲನೆಯದರಲ್ಲಿ ಅವಳಿಗೆ ಇಪ್ಪತ್ತು ದಾಟಿಲ್ಲ. ಐದನೆಯದರ ನಡುವೆ ತನ್ನ ಮಾತಿಗೆ ತಾನೇ ನಕ್ಕು, ಸಾಲನ್ನು ಮತ್ತೆ ಮೊದಲಿನಿಂದ ಎತ್ತಿಕೊಳ್ಳುತ್ತಾಳೆ. ಹನ್ನೊಂದನೆಯದಕ್ಕೆ ಬರುವಾಗ ಉಸಿರು ಸಣ್ಣದಾಗಿದೆ. ಹದಿನಾರನೆಯದರಲ್ಲಿ ಎರಡು ಸಲ ಕೆಮ್ಮುತ್ತಾಳೆ. ನನ್ನನ್ನು ಹೆತ್ತವಳು ನಾನು ಮೂರು ವರ್ಷದವಳಿದ್ದಾಗ ಹೋದಳು. ಹಾಡು ಕಟ್ಟಿದವಳಲ್ಲವಾದ್ದರಿಂದ ಅವಳ ದನಿ ಎಲ್ಲಿಯೂ ಉಳಿಯಲಿಲ್ಲ. ನನಗೆ ಪರಿಚಯವಿರುವ ತಾಯಿಯ ದನಿಯೆಂದರೆ ಈ ಹದಿನಾರು ಹಾಡಿನದೇ. ಅದನ್ನು ನನ್ನ ಗಂಟಲಿನಲ್ಲಿ ಹೊತ್ತುಕೊಂಡೇ ಮುದುಕಿಯಾದೆ. ಅವಳ ಹೆಸರು ಮಾತ್ರ ನನಗೆ ಗೊತ್ತಿರಲಿಲ್ಲ. ನಮ್ಮ ಊರಿನ ಕವಿಗಳು ತಮ್ಮ ಹೆಸರನ್ನು ಕಡೆಯ ಹಾಡಿನ ಕಡೆಯ ಸಾಲಿನಲ್ಲಿ ಮಾತ್ರ ಇಡುತ್ತಾರೆ. ಅದಕ್ಕೆ ಮೊದಲು ಇಟ್ಟರೆ ಹಾಡಿನ ಊಟೆ ಬತ್ತಿಹೋಗುತ್ತದೆಂಬ ಅಂಜಿಕೆ. ನೀಲರಸರ ಹೆಸರು ಎಪ್ಪತ್ತನೆಯ ಮೊರೆಹಾಡಿನ ಕೊನೆಯಲ್ಲಿದೆ. ಹದಿನಾರು ಮರುಹಾಡುಗಳಲ್ಲಿ ಯಾವ ಹೆಸರೂ ಇಲ್ಲ.

ಇವಲ್ಲದೆ ಇನ್ನೊಂದು ಹಾಡಿದೆ. ಅದನ್ನು ಮೌನದ ಹಾಡೆನ್ನುತ್ತೇವೆ. ವರ್ಷಕ್ಕೊಮ್ಮೆ, ನೀಲರಸರ ದಿನದಂದು, ಕೋಟೆಬಾಗಿಲಿನ ಮುಂದೆ ಅದನ್ನು ಕಿನ್ನರಿಯಲ್ಲಿ ನುಡಿಸುತ್ತಾರೆ, ಬಾಯಿಯಲ್ಲಿ ಹಾಡುವುದಿಲ್ಲ. “ಕೆಳಗೆ ನಿಂತವನೆ, ನಿನ್ನ ಹಾಡು ಮುಗಿಯಿತೆ” ಎಂಬ ಮೊದಲ ಸಾಲು ಮಾತ್ರ ಬರಹದಲ್ಲಿ ಎಲ್ಲರಿಗೂ ತಿಳಿದಿದೆ, ಏಕೆಂದರೆ ಆ ಮಟ್ಟಿನ ಹೆಸರೇ ಅದು. ನುಡಿಸುವಷ್ಟು ಹೊತ್ತೂ ಗಂಡಸರು ಉತ್ತರೀಯದಿಂದ, ಹೆಂಗಸರು ಸೆರಗಿನಿಂದ ಬಾಯಿ ಮುಚ್ಚಿ ನಿಲ್ಲಬೇಕು. ಕಿನ್ನರಿ ನಿಲ್ಲುವ ತನಕ ಯಾರೂ ತುಟಿ ತೆರೆಯುವಂತಿಲ್ಲ. ತೆರೆದವರಿಗೆ ಮತ್ತೆಂದೂ ಹಾಡಿನ ಪೀಠವಿಲ್ಲ. ಮನುಷ್ಯರ ಬಾಯಿಗೆ ತಾಳದಷ್ಟು ಪವಿತ್ರವಾದ ಹಾಡು ಅದೆಂದು ನನ್ನ ಗುರು ಮಾಚಲಮ್ಮ ನನಗೆ ಹೇಳಿದರು, ನಾನು ನನ್ನ ಶಿಷ್ಯೆಯರಿಗೆ ಹೇಳಿದೆ. ಸೆರಗು ಜಾರಿಸಿದ ಹುಡುಗಿಯರ ತೋಳನ್ನು ಚಿವುಟಿಯೂ ಇದ್ದೇನೆ. ಅದನ್ನು ನೆನೆದರೆ ಇಂದು ನನ್ನ ಬೆರಳುಗಳ ಮೇಲೆಯೇ ನನಗೆ ಸಿಟ್ಟು ಬರುತ್ತದೆ.

ಈ ವರ್ಷ ನೀಲರಸರ ಮುನ್ನೂರನೆಯ ವರ್ಷವೆಂದು ಕವಿಪರಿಷತ್ತು ಕೋಟೆಬಾಗಿಲಿಗೆ ಕಲ್ಲು ನೆಡಿಸಲು ನಿಶ್ಚಯಿಸಿತು. ಶಾಸನದ ಪಾಠವನ್ನು ಸಭೆಯಲ್ಲಿ ಓದಿದವನು ಪರಿಷತ್ತಿನ ಅಧ್ಯಕ್ಷ ತ್ರಿವಿಕ್ರಮಯ್ಯ. ನಮ್ಮ ಜಗಲಿಯ ಮೇಲೆ ಆಡಿ ಬೆಳೆದವನು, ಈಗ ಜರಿಯ ಉತ್ತರೀಯ ಹೊದೆಯುತ್ತಾನೆ. “ಎಪ್ಪತ್ತು ಮೊರೆಹಾಡು, ಹದಿನಾರು ಮರುಹಾಡು, ಒಂದು ಮೌನದ ಹಾಡು, ಇಷ್ಟನ್ನೂ ರಚಿಸಿದ ನೀಲರಸ ಮಹಾಕವಿ” ಎಂದು ಅವನು ಓದಿ ಮುಗಿಸಿದ ಕೂಡಲೇ ನಾನು ಎದ್ದು ನಿಂತೆ.

“ಹದಿನಾರು ಮರುಹಾಡು ಅವರವಲ್ಲ, ತ್ರಿವಿಕ್ರಮ. ಅದರಲ್ಲಿರುವುದು ಹೆಣ್ಣಿನ ದನಿ.”

“ಯಾರು ಇಲ್ಲವೆಂದರು, ಪದ್ಮಲಮ್ಮನವರೆ?” ಅವನು ನಕ್ಕ. “ಅದೇ ಅಲ್ಲವೆ ಮಹಾಕವಿಯ ಮಹಿಮೆ! ಪರಕಾಯಪ್ರವೇಶ. ಹೆಣ್ಣಿನ ಹೃದಯವನ್ನು ಎಷ್ಟು ಆಳವಾಗಿ ಹೊಕ್ಕರೆಂದರೆ ದನಿಯೂ ಹೆಣ್ಣಾಯಿತು. ನಾನೇ ಇದರ ಮೇಲೆ ಮುನ್ನೂರು ಪುಟ ಬರೆದಿದ್ದೇನೆ.”

“ಅವರದೇ ಗಿಣಿಯ ಹಾಡಿದೆಯಲ್ಲಪ್ಪ, ‘ನಾನು ಹಸುರು ರೆಕ್ಕೆಯ ಗಿಣಿ’ ಅಂತ. ಅದನ್ನು ಹಾಡಿದರೆ ಯಾರ ದನಿ ಬರುತ್ತದೆ?”

ಸಭೆಯಲ್ಲಿ ಯಾರೋ ಕಿಸಕ್ಕೆಂದರು. ಗಿಣಿಯ ಹಾಡಿನಲ್ಲಿ ನೀಲರಸರ ಮೂಗು ಬೇರೆಲ್ಲ ಹಾಡುಗಳಿಗಿಂತ ಹೆಚ್ಚಾಗಿ ಕಟ್ಟಿದೆ.

“ಒಂದು ಗಿಣಿಯ ಮೈಯನ್ನು ಹೊಗಲಾರದೆ ಹೊರಗೇ ನಿಂತು ಸೀನಿದವರು, ಹದಿನಾರು ಸಲ ಹೆಣ್ಣಿನ ಮೈಯನ್ನು ಹೊಕ್ಕರೆ? ಅದೂ ಅವಳು ಇಪ್ಪತ್ತರಿಂದ ಅರವತ್ತರವರೆಗೆ ಮುದುಕಿಯಾಗುತ್ತ ಹೋಗುವುದನ್ನು ಬಿಡದೆ ಹಿಂಬಾಲಿಸಿ?”

“ಶಾಂತರಾಗಿ, ತಾಯಿ. ಈ ವಯಸ್ಸಿನಲ್ಲಿ ಕೋಪ ಒಳ್ಳೆಯದಲ್ಲ.” ಅವನ ದನಿಯಲ್ಲಿ ಜೇನು ಸುರಿಯುತ್ತಿತ್ತು. “ನಿಮ್ಮನ್ನು ನಾವು ಮರೆತಿಲ್ಲ. ನಿಮ್ಮ ಯಜಮಾನರು ನಿಮಗಾಗಿ ಕಟ್ಟಿಕೊಟ್ಟ ಹಾಡುಗಳನ್ನೂ ಪರಿಷತ್ತು ಅಚ್ಚುಮಾಡಲಿದೆ.”

ನಾನು ಕಟ್ಟಿದ ಹಾಡುಗಳು ಹನ್ನೊಂದು. ನಮ್ಮ ಯಜಮಾನರು ಕಿನ್ನರಿಯವರು; ಬೆರಳಲ್ಲಿ ಮಾತಾಡಿದವರು. ಊಟಕ್ಕೆ ಕುಳಿತಾಗ ಉಪ್ಪು ಬೇಕೆನ್ನುವುದಕ್ಕೂ ಎರಡು ಪದ ಕೂಡಿಸಲಾರದೆ ಎಲೆಯ ತುದಿಯನ್ನು ತೋರಿಸುತ್ತಿದ್ದರು. “ನನ್ನ ಶಿಷ್ಯೆಯರು ಆ ಹಾಡುಗಳನ್ನು ಹಾಡುವಾಗ ಬರುವುದು ನನ್ನ ದನಿ” ಎಂದೆ.

“ದಂಪತಿಗಳ ದನಿ ಒಂದೇ ಅಲ್ಲವೆ, ತಾಯಿ?” ಎಂದ ಅವನು, ಸಭೆಯ ಚಪ್ಪಾಳೆಗೆ ಕಾದು, ಅದು ಬಂದ ಮೇಲೆ ಮುಂದುವರಿಸಿದ: “ಇರಲಿ. ನಿಮ್ಮ ಮಾತೇ ನಿಜವೆನ್ನೋಣ. ಆ ಹೆಂಗಸಿನ ಹೆಸರು ಹೇಳಿ. ಈಗಲೇ ಕೆತ್ತಿಸುತ್ತೇನೆ. ಹೆಸರೇ ಇಲ್ಲದವಳಿಗೆ ಕಲ್ಲನ್ನು ಎಲ್ಲಿ ನೆಡೋಣ?”

ಐವತ್ತೆರಡು ವರ್ಷ ಒಬ್ಬಳನ್ನು ಗಂಟಲಿನಲ್ಲಿಟ್ಟುಕೊಂಡು, ನೀನು ಯಾರಮ್ಮ ಎಂದು ಒಮ್ಮೆಯೂ ಕೇಳದವಳು ನಾನು. ಸಭೆ ಮುಗಿದು ಎಲೆಯಡಿಕೆ ಹಂಚಿದರು. ನಾನು ತೆಗೆದುಕೊಳ್ಳದೆ ಹೊರಟುಬಂದೆ.

ಮಾರನೆಯ ದಿನ ಬೆಳಗ್ಗೆ ಕಲ್ಲುಕುಟಿಗ ಮಾಳೋಜನ ಅಂಗಳಕ್ಕೆ ಹೋದೆ. ಆಳೆತ್ತರದ ಕಲ್ಲು ಮಲಗಿತ್ತು. ಮೊದಲ ಮೂರು ಸಾಲುಗಳನ್ನು ಕೆತ್ತಿ ಆಗಿತ್ತು. ಮಾಳೋಜ ಉಳಿಯನ್ನು ಕೆಳಗಿಟ್ಟು, ಮೈಮೇಲಿನ ಕಲ್ಲಿನ ಪುಡಿ ಕೊಡವಿ, ನನಗೆ ಮಣೆ ಹಾಕಿದ.

“ಇದನ್ನು ಕೆತ್ತಬೇಡವೆಂದರೆ ಬಿಡುತ್ತೀಯಾ?” ಎಂದು ಕೇಳಿದೆ.

“ನಾನು ಬಿಟ್ಟರೆ ಇನ್ನೊಬ್ಬ ಕೆತ್ತುತ್ತಾನೆ, ಅಮ್ಮ, ಅದೂ ಸೊಟ್ಟಗೆ” ಎಂದ. ಆಮೇಲೆ ಕಲ್ಲನ್ನೇ ನೋಡುತ್ತ ತಲೆ ಕೆರೆದುಕೊಂಡ. “ನಾನು ಓದಿದವನಲ್ಲ. ಆದರೂ ಒಂದು ಮಾತು ನಿನ್ನೆಯಿಂದ ಕೊರೀತಾ ಇದೆ. ನೀಲರಸರು ಎಪ್ಪತ್ತನೆಯದರಲ್ಲಿ ಹೆಸರಿಟ್ಟರು, ಅಲ್ಲವಾ?”

“ಹೌದು.”

“ಹೆಸರಿಟ್ಟ ಮೇಲೆ ಮೌನದ ಹಾಡು ಹೇಗೆ ಕಟ್ಟಿದರು? ನಾನು ಒಂದು ವಿಗ್ರಹದ ಪೀಠದ ಮೇಲೆ ‘ಮಾಳೋಜ’ ಅಂತ ಗುರುತು ಹಾಕಿದೆ ಅಂದರೆ ಮುಗೀತು, ಮತ್ತೆ ಅದಕ್ಕೆ ಉಳಿ ಮುಟ್ಟಿಸೋಲ್ಲ. ಮೌನದ ಹಾಡು ‘ಕೆಳಗೆ ನಿಂತವನೆ, ನಿನ್ನ ಹಾಡು ಮುಗಿಯಿತೆ’ ಅಂತ ಶುರುವಾಗತ್ತೆ. ಕೆಳಗೆ ನಿಂತು ಹಾಡಿದವರು ಅವರು. ಹಾಗೆ ಕೇಳೋರು ಮೇಲಿನವರು ತಾನೆ?”

ಶಾಸ್ತ್ರ ಓದದ ಮನುಷ್ಯ ಒಂದು ಇರುಳಿನಲ್ಲಿ ಕಂಡದ್ದನ್ನು ನಾವು ಓದಿದವರು ಮುನ್ನೂರು ವರ್ಷ ಕಾಣಲಿಲ್ಲ. ಅದು ಹದಿನೇಳನೆಯ ಮರುಹಾಡು. ಅವಳ ಕಡೆಯ ಹಾಡು. ಕಡೆಯ ಹಾಡಿನ ಕಡೆಯ ಸಾಲಿನಲ್ಲಿ ಏನಿರುತ್ತದೆಂಬುದು ನಮ್ಮ ಊರಿನ ಮಗುವಿಗೂ ಗೊತ್ತು. ಅದನ್ನು ಕೇಳಬಾರದೆಂದೇ ಯಾರೋ ಒಬ್ಬ ಜಾಣ ನಮ್ಮೆಲ್ಲರ ಬಾಯಿಗೂ ಬಟ್ಟೆ ಕೊಟ್ಟ. ನಾವು ಅದನ್ನು ಭಕ್ತಿಯೆಂದು ಹೊದ್ದೆವು.

“ಹೆಸರು ತಂದುಕೊಡಿ, ಅಮ್ಮ” ಎಂದ ಮಾಳೋಜ. “ಅಲ್ಲಿಯ ತನಕ ನನ್ನ ಗುರುತು ಹಾಕದೆ ತಡೆದಿರುತ್ತೇನೆ. ಗುರುತಿಲ್ಲದ ಕಲ್ಲನ್ನು ಈ ಊರಿನಲ್ಲಿ ನಿಲ್ಲಿಸೋ ಹಾಗಿಲ್ಲ.”

ಮನೆಯಲ್ಲಿ ಬಾಗಿಲು ಹಾಕಿಕೊಂಡು ಹಾಡಿಬಿಡಬಹುದಿತ್ತು. ಆದರೆ ಸಾಕ್ಷಿ ಯಾರು? ನಾನು ಹೋಗಿ ಇಂಥ ಹೆಸರೆಂದು ಹೇಳಿದರೆ, ಮುದುಕಿ ತಾನೇ ಹುಟ್ಟಿಸಿಕೊಂಡು ಬಂದಳೆನ್ನುತ್ತಾನೆ ತ್ರಿವಿಕ್ರಮಯ್ಯ. ಅವಳೇ ಹೇಳಬೇಕು, ಊರೆಲ್ಲ ಕೇಳಬೇಕು. ಇದು ನನ್ನ ಧೈರ್ಯದ ಮಾತು. ಅಧೈರ್ಯದ ಮಾತೂ ಒಂದಿತ್ತು. ಮಾಳೋಜನ ಲೆಕ್ಕಾಚಾರವೇ ತಪ್ಪಿದ್ದರೆ? ಊರಿನ ನಡುವೆ ನಿಂತು ನಾನು ಬಾಯಿ ತೆರೆದಾಗ ಮೂಗು ಕಟ್ಟಿದ ಆ ದಪ್ಪ ದನಿಯೇ ಹೊರಟರೆ? ಪೀಠ ಹೋಗುವುದಿರಲಿ, ಅವಳ ಹದಿನಾರು ಹಾಡುಗಳನ್ನೂ ನಾನೇ ಕೈಯಾರೆ ನೀಲರಸರಿಗೆ ಒಪ್ಪಿಸಿಕೊಟ್ಟಂತಾಗುತ್ತದೆ.

ನೀಲರಸರ ದಿನ ಬಂತು. ಬೆಳಗಿನ ಎಳೆಬಿಸಿಲಿನಲ್ಲಿ ಊರಿಗೆ ಊರೇ ಕೋಟೆಬಾಗಿಲ ಮುಂದೆ ನೆರೆದಿತ್ತು. ಕೆಂಪು ಬಟ್ಟೆ ಮುಚ್ಚಿದ ಕಲ್ಲು, ಅದರ ಬಲಕ್ಕೆ ಪರಿಷತ್ತಿನವರು, ಎಡಕ್ಕೆ ನಾನೂ ನನ್ನ ಶಿಷ್ಯೆಯರೂ. ತ್ರಿವಿಕ್ರಮಯ್ಯ ಮುಕ್ಕಾಲು ಗಂಟೆ ಮಾತಾಡಿದ. ಬಳಿಕ ಕಿನ್ನರಿಯವನು ಮೌನದ ಹಾಡಿನ ಮಟ್ಟನ್ನು ಮೀಟಿದ. ಅವನು ನಮ್ಮ ಯಜಮಾನರ ಕೈಕೆಳಗೆ ಕಲಿತವನು. ಹಿಡಿದ ಮಟ್ಟನ್ನು ನಡುವೆ ಬಿಡಬಾರದೆಂಬುದು ಅವರು ಕಲಿಸಿದ ಮೊದಲ ಪಾಠ. ಜನರ ನಡುವೆ ಒಂದೇ ಸಲಕ್ಕೆ ಬಟ್ಟೆಯ ಸದ್ದಾಯಿತು. ಎಲ್ಲರ ಬಾಯಿಯೂ ಮುಚ್ಚಿತು. ನನ್ನ ಕೈಯೂ ಅಭ್ಯಾಸಬಲದಿಂದ ತಾನಾಗಿ ಸೆರಗನ್ನು ಮೇಲಕ್ಕೆತ್ತಿತು. ಅದನ್ನು ಇನ್ನೊಂದು ಕೈಯಿಂದ ಹಿಡಿದು ಕೆಳಗಿಳಿಸಬೇಕಾಯಿತು.

“ಕೆಳಗೆ ನಿಂತವನೆ, ನಿನ್ನ ಹಾಡು ಮುಗಿಯಿತೆ” ಎಂದೆ.

ಮೂಗಿನ ದನಿಯಲ್ಲ. ಮೊದಲ ಅಕ್ಷರದಲ್ಲೇ ಗುರುತು ಹತ್ತಿತು. ಅವಳೇ. ಹದಿನಾರನೆಯ ಹಾಡಿಗಿಂತಲೂ ಹಣ್ಣಾದ, ಅಂಚು ಸವೆದ, ಆದರೂ ಕಂಪಿಸದ ದನಿ. ಮುಂದಿನದನ್ನು ನಾನು ಹಾಡಲಿಲ್ಲ, ಅವಳು ಹಾಡಿದಳು. “ನನ್ನನ್ನು ಚಂದ್ರನೆಂದೆ, ಚಂದ್ರನಿಗೆ ಕೆಮ್ಮಿತ್ತು, ನೀನು ಕೇಳಲಿಲ್ಲ. ನನ್ನನ್ನು ಕಲ್ಲೆಂದೆ, ಕಲ್ಲು ಯಾರಿಗಾಗಿಯಾದರೂ ಕದ ತೆರೆದಿಡುವುದುಂಟೆ? ಒಂದು ದಿನ ನಾನೇ ಇಳಿದು ಬಂದೆ, ಹನ್ನೆರಡು ಮೆಟ್ಟಿಲು. ನಿನ್ನ ಮಗ್ಗುಲಲ್ಲೇ ನಿಂತೆ. ನೀನು ಬರಿದಾದ ಉಪ್ಪರಿಗೆಗೆ ಹಾಡುತ್ತಲೇ ಇದ್ದೆ. ಕಾಲು ನೋಯುವ ತನಕ ನಿಂತೆ. ನಿನ್ನ ಹಾಡಿನ ಒಂದು ಸಾಲು ತಪ್ಪಿತ್ತು, ತಿದ್ದಿಕೊಟ್ಟೆ. ಯಾರೆಂದು ನೋಡದೆಯೇ ನೀನು ತಿದ್ದಿಕೊಂಡು ಮುಂದೆ ಹಾಡಿದೆ.”

ಪರಿಷತ್ತಿನ ಕಡೆ ನೋಡಿದೆ. ತ್ರಿವಿಕ್ರಮಯ್ಯನ ಮುಖ ಹಣೆಯ ತನಕ ಕೆಂಪೇರಿತ್ತು. ಕಣ್ಣುಗಳು ನನ್ನ ಮೇಲೆ ಕೂಗಾಡುತ್ತಿದ್ದವು. ಆದರೆ ಕಿನ್ನರಿ ನಿಂತಿರಲಿಲ್ಲ. ಜರಿಯ ಉತ್ತರೀಯವನ್ನು ಬಾಯಿಗೆ ಒತ್ತಿಕೊಂಡ ಆ ಹನ್ನೆರಡು ಮಂದಿ ವಿದ್ವಾಂಸರು, ತಮ್ಮ ಹಿರಿಯರು ನಮಗಾಗಿ ಮಾಡಿಟ್ಟ ನಿಯಮದೊಳಗೆ ತಾವೇ ಸಿಕ್ಕಿಕೊಂಡು, ಒಬ್ಬ ಹೆಂಗಸು ಹೇಳುವುದನ್ನು ಹೇಳಿ ಮುಗಿಸುವ ತನಕ ಕೇಳುತ್ತ ನಿಂತಿದ್ದರು. ಮುನ್ನೂರು ವರ್ಷಗಳಲ್ಲಿ ಅದೇ ಮೊದಲು.

“ಇನ್ನು ನೀನು ಹಾಡಿಕೊ, ನಾನು ಹೊರಟೆ” ಎಂದಳು ಅವಳು. ಒಮ್ಮೆ ಕೆಮ್ಮಿದಳು. ಆಮೇಲೆ, ಬಾಗಿಲಲ್ಲಿ ನಿಂತು ಒಳಗಿದ್ದವರಿಗೆ ಹೇಳುವಂತೆ, ಸಾವಕಾಶವಾಗಿ: “ಹೋದವಳು ಯಾರೆಂದು ಕೇಳಿದರೆ ಹೇಳು, ಬಾಚಲೆ. ಬಾಚಲೆ.”

ಕಿನ್ನರಿ ನಿಂತಿತು. ನನ್ನ ಗಂಟಲು ನನಗೆ ಮರಳಿ ಬಂತು; ಅದರಿಂದ ಏನು ಮಾಡಬೇಕೆಂದು ತೋಚದೆ ಅತ್ತುಬಿಟ್ಟೆ. ಬಾಚಲೆ. ಮೂರು ಅಕ್ಷರ. ಅಷ್ಟನ್ನು ಬಚ್ಚಿಡಲು ಒಂದು ಊರಿನ ಬಾಯಿಯೆಲ್ಲ ಬೇಕಾಯಿತು.

ತ್ರಿವಿಕ್ರಮಯ್ಯ ಉತ್ತರೀಯವನ್ನು ಕಿತ್ತೆಸೆದು ಮುಂದೆ ಬಂದ. “ಇದು ಅಪಚಾರ! ಪದ್ಮಲೆಯವರಿಗೆ ಈ ಕ್ಷಣದಿಂದ ಪೀಠವಿಲ್ಲ. ಮಹಾಜನರೆ, ಗೊಂದಲಪಡಬೇಡಿ. ಬಾಚಲೆಯೆಂಬುದು ಮಹಾಕವಿಗಳು ಸೃಷ್ಟಿಸಿದ ಒಂದು ಪಾತ್ರದ ಹೆಸರು, ಅಷ್ಟೆ.”

“ಅಯ್ಯನೋರೆ!” ಹಿಂದಿನಿಂದ ಮಂಚಕ್ಕ ಕೂಗಿದಳು. “ಹಂಗಾರೆ ನನ್ನ ಗಂಟಲಲ್ಲಿ ಕುಂತು ದಂಟಿನ ಸೊಪ್ಪು ಮಾರ್ತಾಳಲ್ಲ ನಮ್ಮತ್ತೆ, ಅವಳೂ ಪಾತ್ರವಾ? ಅವಳ ಕೈಲಿ ನಾನು ತಿಂದ ಏಟೂ ಪರಕಾಯಪ್ರವೇಶವಾ?”

ಜನ ನಕ್ಕರು. ನಕ್ಕ ಜನವನ್ನು ಮತ್ತೆ ಗಂಭೀರಗೊಳಿಸುವ ವಿದ್ಯೆ ಪರಿಷತ್ತಿಗೆ ತಿಳಿದಿರಲಿಲ್ಲ. ಯಾರೋ ಕೆಂಪು ಬಟ್ಟೆಯನ್ನು ಎಳೆದರು. ಕಲ್ಲಿನ ಮೇಲೆ ಅಧ್ಯಕ್ಷರ ಪಾಠ ಅಂದವಾಗಿ ಕೆತ್ತಿತ್ತು. ಕೆಳಗೆ ಶಿಲ್ಪಿಯ ಗುರುತಿರಬೇಕಾದ ಜಾಗ ಮಾತ್ರ ಖಾಲಿ. “ಗುರುತು ಹಾಕೋ” ಎಂದು ತ್ರಿವಿಕ್ರಮಯ್ಯ ಗದರಿದ. ಮಾಳೋಜ ಕೈಕಟ್ಟಿ ನಿಂತು, “ತಪ್ಪು ಹೆಸರಿನ ಕಲ್ಲಿಗೆ ನನ್ನ ಹೆಸರು ಹಾಕೋಲ್ಲ, ಸ್ವಾಮಿ. ನನಗೂ ಮಕ್ಕಳಿದಾರೆ, ನಾಳೆ ಓದ್ತಾರೆ” ಎಂದ.

ಕಲ್ಲು ನಿಲ್ಲಲಿಲ್ಲ. ಕೋಟೆಬಾಗಿಲ ಪಕ್ಕದಲ್ಲಿ ಅಂಗಾತ ಮಲಗಿದೆ. ಮಂಚಕ್ಕ ಅದರ ಮೇಲೆ ಸೊಪ್ಪು ಹರಡುತ್ತಾಳೆ. ಪರಿಷತ್ತು ಬಾಚಲೆ ಎಂಬ ಹೆಸರಿನ ಪ್ರಾಮಾಣ್ಯವನ್ನು ಪರಿಶೀಲಿಸಲು ಸಮಿತಿಯನ್ನು ನೇಮಿಸಿದೆ. ಸಮಿತಿ ಮೂರು ಸಲ ಸೇರಿ, ಮೂರು ಸಲ ಉಪಾಹಾರ ಮುಗಿಸಿ, ಹೆಚ್ಚಿನ ಆಧಾರ ಬೇಕೆಂದಿದೆ. ಆಧಾರ ಅವರ ಕಿಟಕಿಯ ಕೆಳಗೇ ನಡೆದು ಹೋಗುತ್ತದೆ: ನೀರಿಗೆ ಹೋಗುವ ಹೆಂಗಸರು, ನೂಲುವವರು, ನನ್ನ ಶಿಷ್ಯೆಯರು, ಯಾರಾದರೊಬ್ಬರು ಮೊದಲ ಸಾಲನ್ನು ಎತ್ತಿಕೊಡುತ್ತಾರೆ, ಕೊನೆಯ ಸಾಲಿನಲ್ಲಿ ಅವಳು ಎರಡು ಸಲ ತನ್ನ ಹೆಸರು ಹೇಳುತ್ತಾಳೆ. ಸೆರಗುಗಳು ಹೆಗಲ ಮೇಲೆಯೇ ಇರುತ್ತವೆ.

ನನಗೆ ಪೀಠವಿಲ್ಲ. ಪೀಠದ ಮರಕ್ಕೆ ಗೆದ್ದಲು ಹಿಡಿದು ವರ್ಷಗಳಾಗಿದ್ದವು, ಅದಕ್ಕಾಗಿ ನಾನು ಕೊರಗಲಾರೆ. ಕೊರಗುವುದು ಕಳೆದ ಐವತ್ತೆರಡು ವರ್ಷಗಳಿಗೆ. ಅವಳು ತನ್ನ ಕಾಲದ ಪದ್ಧತಿಯನ್ನು ಪಾಲಿಸಿ ಹೆಸರನ್ನು ಕಡೆಯ ಹಾಡಿನ ಕಡೆಯ ಸಾಲಿಗೆ ಉಳಿಸಿಕೊಂಡಳು; ಆ ಒಂದು ಸಾಲನ್ನು ಮುಚ್ಚಿದ್ದರಿಂದ ಇಡೀ ಬದುಕನ್ನು ಕದಿಯುವುದು ಸುಲಭವಾಯಿತು. ಆದ್ದರಿಂದ ನಾನು ನನ್ನ ಹನ್ನೆರಡನೆಯ ಹಾಡನ್ನು ಬೇರೆ ಬಗೆಯಲ್ಲಿ ಕಟ್ಟಿದ್ದೇನೆ. “ಪದ್ಮಲೆ ನಾನು, ಇದು ನನ್ನ ಹಾಡು” ಎಂಬುದು ಅದರ ಮೊದಲ ಸಾಲು. ಊಟೆ ಬತ್ತಲಿಲ್ಲ, ಅದಾದ ಮೇಲೆ ಇನ್ನೂ ನಾಲ್ಕು ಕಟ್ಟಿದೆ, ನಾಲ್ಕರಲ್ಲೂ ಹೆಸರು ಮೊದಲಿಗೇ ಇದೆ. ನಾಳೆ ನಾನು ಸತ್ತ ಮೇಲೆ ಅವನ್ನು ನಮ್ಮ ಯಜಮಾನರು ಕಟ್ಟಿದರೆಂದು ಬರೆಯುವ ವಿದ್ವಾಂಸನಿಗೆ ನನ್ನದು ಒಂದೇ ವಿನಂತಿ: ಬರೆಯುವ ಮೊದಲು, ತನ್ನ ಸ್ವಂತ ಬಾಯಿಂದ, ಒಂದು ಸಲ ಹಾಡಲಿ.